ರಸ್ತೆ ನುಂಗಿದ ಪಾವಟಿಗೆಗಳು

ನಮ್ಮ ಓಣಿಗೂ ಒಂದು ಇತಿಹಾಸವಿದೆಯೆಂದು ನನಗೆ ಗೊತ್ತಾದದ್ದು ನೀರಿನ ಪೈಪು ಹಾಕಲು ರಸ್ತೆ ಅಗೆದಾಗ. ಶಹಾಪುರದ ಹಳೆಯ ಪೇಟೆಯಲ್ಲಿ, ನನ್ನ ಮನೆಯ ಬಾಗಿಲಿನೆದುರೇ, ಎದೆಮಟ್ಟದ ತಗ್ಗು ತೋಡಿದ್ದರು. ಇಣುಕಿದರೆ ರಸ್ತೆ ಪದರು ಪದರಾಗಿ ಕಾಣುತ್ತಿತ್ತು. ಮೇಲೆ ಈಚಿನ ಡಾಂಬರು, ಅದರ ಕೆಳಗೆ ಅದಕ್ಕೂ ಹಿಂದಿನ ಡಾಂಬರು, ಆಮೇಲೆ ಕಡಿ, ಗರಸು, ಮತ್ತೆ ಕಡಿ, ತಳದಲ್ಲಿ ನಿಜಾಮರ ಕಾಲದ್ದಿರಬಹುದಾದ ಫರಸಿಕಲ್ಲು. ಬೇರೆ ಊರಿನವರು ಬೀದಿಯ ಇತಿಹಾಸವನ್ನು ಬರೆದಿಡುತ್ತಾರೆ, ನಮ್ಮವರು ಹಾಸಿಟ್ಟಿದ್ದಾರೆ. ಕಿತ್ತು ಹಾಕುವ ಪದ್ಧತಿ ನಮ್ಮಲ್ಲಿಲ್ಲ. ಚುನಾವಣೆ ಬಂದಾಗ ಹಳೆಯದರ ಮೇಲೆ ಹೊಸದೊಂದು ಹೊದಿಕೆ, ಅಷ್ಟೇ.

ನಾನು ತಗ್ಗಿನ ಅಂಚಿಗೆ ಕುಕ್ಕರುಗಾಲಲ್ಲಿ ಕೂತು ನೋಡುತ್ತಿದ್ದುದನ್ನು ಎದುರಿನ ಟೇಲರ್ ಚಾಚಾ ಗಮನಿಸಿದ.

"ಏನ್ ಬಿದ್ದದ ಸಾಹೇಬ್ರ ಒಳಗ? ಚಾವಿನಾ?"

"ಪಾವಟಿಗಿ," ಎಂದೆ.

"ಯಾರದು?"

"ನಮ್ಮ ಮನೀದೇ."

ಚಾಚಾ ಕೊರಳಿಗೆ ಅಳತೆಪಟ್ಟಿ ಹಾಕಿಕೊಂಡೇ ಬಂದು ಬಗ್ಗಿ ನೋಡಿದ. ನಿಜವಾಗಿತ್ತು. ಮನೆಯ ಗೋಡೆಗೆ ಹೊಂದಿಕೊಂಡು, ನೆಲದೊಳಗೆ, ಕರಿಕಲ್ಲಿನ ಒಂದು ಪಾವಟಿಗೆಯ ಅಂಚು ಕಾಣುತ್ತಿತ್ತು. ತೆಂಕಣದವರು ಮೆಟ್ಟಿಲು ಎನ್ನುವುದನ್ನು ನಾವು ಪಾವಟಿಗೆ ಎನ್ನುತ್ತೇವೆ. ನನ್ನ ಮನೆಗೆ ಮೇಲೆ ಉಳಿದಿದ್ದದ್ದು ಒಂದೇ ಪಾವಟಿಗೆ. ಅದರ ಕೆಳಗೆ ಇನ್ನೂ ಇವೆ ಎಂದಾಯಿತು. ರಸ್ತೆ ಏರುತ್ತ ಏರುತ್ತ ಅವನ್ನು ಒಂದೊಂದಾಗಿ ನುಂಗಿತ್ತು.

"ನಿಮ್ಮದು ಪಾವಟಿಗಿ ಹೋಗ್ಯದ, ನಂದು ಅಂಗಡೀನ ಹೋಗ್ಯದ," ಎಂದ ಚಾಚಾ. ಅದೂ ಸುಳ್ಳಲ್ಲ. ಅವನ ಅಂಗಡಿಗೆ ಗಿರಾಕಿಗಳು ಬಾವಿಗೆ ಇಳಿದಂತೆ ಇಳಿದು, ಚೌಕಟ್ಟಿಗೆ ಹಣೆ ಬಡಿಸಿಕೊಂಡು, ಅಂಗಿಯ ಅಳತೆ ಕೊಟ್ಟು ಏರಿ ಬರಬೇಕು. 'ತಲೆ ಜೋಪಾನ' ಎಂದು ಆತ ಬೋರ್ಡು ಬರೆಸಿದ್ದ. ತಲೆ ಎತ್ತಿ ಅದನ್ನು ಓದುವವರಿಗೇ ಹೆಚ್ಚು ಪೆಟ್ಟಾಗುತ್ತಿತ್ತು.

ನಾನು ಆತಂಕದ ಮನುಷ್ಯ. ಹುಟ್ಟಿದ್ದೇ ಹಾಗೋ, ನೌಕರಿ ಹಾಗೆ ಮಾಡಿತೋ ತಿಳಿಯದು. ಭೀಮರಾಯನಗುಡಿಯ ನೀರಾವರಿ ಆಫೀಸಿನಲ್ಲಿ ಕಾಗದಪತ್ರಗಳನ್ನು ನೋಡುವ ಗುಮಾಸ್ತ. ಹಗಲೆಲ್ಲ ನೀರು ಬೇಕೆಂದು ಬರೆದ ಅರ್ಜಿಗಳನ್ನು ಓದುತ್ತೇನೆ, ಸಂಜೆ ಮನೆಗೆ ಬಂದು ನೀರು ನುಗ್ಗೀತೆಂದು ಹೆದರುತ್ತೇನೆ. ವಯಸ್ಸು ಐವತ್ತು ದಾಟಿದೆ. ಗ್ಯಾಸ್ ಬಂದ್ ಮಾಡಿದೆನೋ ಇಲ್ಲವೋ ಎಂದು ಒಮ್ಮೆ ಬಸ್‌ಸ್ಟ್ಯಾಂಡಿನಿಂದ ಓಡಿ ಬಂದಿದ್ದೆ. ಬಂದು ನೋಡಿದರೆ ಹೆಂಡತಿ ಅದರ ಮೇಲೆ ರೊಟ್ಟಿ ಸುಡುತ್ತಿದ್ದಳು.

"ನಾನು ಮನ್ಯಾಗ ಇದ್ದೀನಿ ಅಂಬೋದರ ನೆಪ್ಪದ ಇಲ್ಲೋ ನಿಮಗ?" ಎಂದು ಕೇಳಿದ್ದಳು.

ಇಂಥವನು ಎರಡು ವರ್ಷದ ಹಿಂದೆ ಈ ಹಳೆಯ ಮನೆ ಕೊಂಡದ್ದು ಎಲ್ಲರಿಗೂ ಸೋಜಿಗ. ಜೊತೆಯವರೆಲ್ಲ ಹೊಸ ಬಡಾವಣೆಗಳಲ್ಲಿ ಸೈಟು ಹಿಡಿದು, ಕಾರು ನಿಲ್ಲುವಂಥ ಗೇಟು ಹಾಕಿಸಿದ್ದರು. ನಾನು ಗೋಡೆ ದಪ್ಪವಿದೆ, ಬೇಸಿಗೆಯಲ್ಲಿ ತಂಪು, ಬಾಗಿಲು ಸಾಗವಾನಿಯದು ಎಂದು ಹತ್ತು ಕಾರಣ ಕೊಟ್ಟೆ. ಮಾಲೀಕರು ಎಂದೋ ಹೈದರಾಬಾದು ಸೇರಿದ್ದರು. ತೋರಿಸಿದವನು ದಲ್ಲಾಳಿ. ನಮ್ಮ ಮನೆತನ ಅಪ್ಪನ ಕಾಲಕ್ಕೇ ಬುದ್ಧನ ದಾರಿ ಹಿಡಿದದ್ದು ಅವನಿಗೆ ಗೊತ್ತಿತ್ತು. ಮಾಳಿಗೆ ಹತ್ತಿಸಿ, ಮಲಗಿದ ಬುದ್ಧನಂತೆ ಕಾಣುವ ನಮ್ಮೂರ ಗುಡ್ಡದ ಕಡೆ ಕೈ ಮಾಡಿದ. "ನೋಡ್ರಿ ಸರ, ಕುಂತಲ್ಲೇ ದರ್ಶನ!" ನನಗೆ ಕಂಡದ್ದು ಮೂಗು ಮಾತ್ರ. ಉಳಿದ ಬುದ್ಧ ಯಾರದೋ ಪ್ಲಾಸ್ಟಿಕ್ ಟ್ಯಾಂಕಿನ ಮರೆಗಿದ್ದ. ಮೂಗಿಗೇ ಕೈ ಮುಗಿದು ಮಾತು ಕೊಟ್ಟುಬಿಟ್ಟೆ.

ಖರೆ ಕಾರಣ ಬೇರೆಯೇ ಇತ್ತು. ನಮ್ಮವ್ವ ಸಣ್ಣವಳಿದ್ದಾಗ ತನ್ನ ತಾಯಿಯ ಜೊತೆ ವನದುರ್ಗದಿಂದ ಸೀತಾಫಲದ ಬುಟ್ಟಿ ಹೊತ್ತು ಇದೇ ಓಣಿಗೆ ಮಾರಲು ಬರುತ್ತಿದ್ದಳು. ದಲ್ಲಾಳಿಗೆ ಮಾತು ಕೊಡುವ ಮೊದಲೇ ಅವಳನ್ನು ಕರೆತಂದು ಮನೆ ತೋರಿಸಿದಾಗ, ಬಾಗಿಲನ್ನು ಒಂದಿಷ್ಟು ಹೊತ್ತು ನೋಡಿ, "ಈ ಮನಿ ನನಗ ಗೊತ್ತದ," ಎಂದಷ್ಟೇ ಹೇಳಿದಳು. ನನಗೆ ಅಷ್ಟು ಸಾಕಾಯಿತು. ಅವ್ವ ಹಣ್ಣು ಮಾರಿದ ಓಣಿಯಲ್ಲಿ ಮಗ ಮನೆ ಕೊಂಡ! ಆಫೀಸಿನಲ್ಲಿ ಚಹಾದ ಹೊತ್ತಿಗೆ ಇದನ್ನು ಎಷ್ಟು ಸಲ ಹೇಳಿದೆನೆಂದರೆ, ಕೊನೆಗೆ ನಾನು "ನಮ್ಮವ್ವ" ಎಂದು ಬಾಯಿ ತೆರೆದರೆ ಪಕ್ಕದ ಟೇಬಲ್ಲಿನವರು "ಸೀತಾಫಲ" ಎಂದು ಮುಗಿಸುತ್ತಿದ್ದರು.

ಅವ್ವ ಇರುವುದು ವನದುರ್ಗದಲ್ಲೇ, ತಮ್ಮನ ಮನೆಯಲ್ಲಿ, ಮೊಮ್ಮಕ್ಕಳ ಗದ್ದಲದ ನಡುವೆ. ಮೊಣಕಾಲು ತೋರಿಸಲು, ಇಲ್ಲವೇ ಸೊಸೆಯ ಕೈಯ ಅಡುಗೆ ಉಣ್ಣಲು ಆಗಾಗ ಬರುತ್ತಾಳೆ. ಬಂದಾಗೆಲ್ಲ ಹಿಂದಿನ ಸಂದಿ ಹಿಡಿದು, ಬಟ್ಟೆ ಒಗೆಯುವ ಕಲ್ಲು ದಾಟಿ, ಹಿತ್ತಲ ಬಾಗಿಲಿನಿಂದಲೇ ಒಳಗೆ ಬರುತ್ತಾಳೆ. ಮುಂದಿನ ಬಾಗಿಲಿಗೆ ಪಾವಟಿಗೆ ಹತ್ತಬೇಕು, ಹಿಂದೆ ನೆಲಸಮ, ಪಾಪ ಮೊಣಕಾಲು ನೋವು ಎಂದುಕೊಂಡಿದ್ದೆ. ನನ್ನ ಆತಂಕಗಳ ಸಾಲು ಬಹಳ ಉದ್ದ. ಆ ಸಾಲಿನಲ್ಲಿ ಈ ಸಂಗತಿ ಇರಲೇ ಇಲ್ಲ.

ಪೈಪು ಹಾಕಿ ತಗ್ಗು ಮುಚ್ಚಿದ ಮೇಲೆ, ಇಡೀ ಓಣಿಗೆ ಸಿಮೆಂಟ್ ರಸ್ತೆ ಬರುತ್ತದೆ ಎಂಬ ಸುದ್ದಿ ಬಂತು. ಮಂದಿ ಖುಷಿಪಟ್ಟರು. ನಾನು ಟೇಪು ಹಿಡಿದು ಹೊರಗೆ ಬಂದೆ. ಅಳೆದು ನೋಡಿದರೆ, ಹೊಸ ರಸ್ತೆ ಬಂತೆಂದರೆ ಉಳಿದ ಒಂದು ಪಾವಟಿಗೆಯೂ ಹೋಗಿ, ರಸ್ತೆ ನನ್ನ ಹೊಸ್ತಿಲಿಗೆ ಸಮವಾಗುತ್ತಿತ್ತು. ಗುಡ್ಡದ ಕಡೆಯ ಮಳೆನೀರೆಲ್ಲ ಈ ಓಣಿಯಲ್ಲೇ ಹರಿಯುವುದು. ನೇರ ಪಡಸಾಲೆಗೆ ಬರುತ್ತದೆ, ಅಲ್ಲಿಂದ ಅಡುಗೆಮನೆಗೆ, ಅಲ್ಲಿಂದ ಜೋಳದ ಚೀಲಕ್ಕೆ. ಚೀಲ ಮೊಳಕೆಯೊಡೆಯುವುದೂ ಕಣ್ಣಿಗೆ ಕಟ್ಟಿತು.

ಬರೀ ನೀರಿನ ಭಯವಾಗಿದ್ದರೆ ಮರ್ಯಾದೆ ಉಳಿಯುತ್ತಿತ್ತು. ಎತ್ತರದ ಮನೆಯೆಂದು ಕೊಂಡವನು ನಾನು. ಕಟ್ಟೆಯ ಮೇಲೆ ಕೂತು ಕೆಳಗೆ ಹೋಗುವವರಿಗೆ "ಬರ್ರಿ, ಚಾ ಕುಡೀರಿ" ಎನ್ನುವಾಗ ಒಂದು ಗತ್ತು ಇರುತ್ತಿತ್ತು. ರಸ್ತೆ ಹೊಸ್ತಿಲಿಗೆ ಬಂದರೆ ಆ ಗತ್ತಿಗೆ ಜಾಗವೆಲ್ಲಿ?

ಹೆಂಡತಿಗೆ ಹೇಳಿದೆ. ಅವಳು ಸುರಪುರದವಳು. ಅವಳ ತವರಿನ ಓಣಿ ಗುಡ್ಡದ ಏರಿನ ಮೇಲಿದೆ. ಉಪ್ಪು ತರಲು ಹೋದರೂ ಏದುಸಿರು ಬಿಡುತ್ತ ಬರಬೇಕು. "ಪಾವಟಿಗಿ ಹೋದ್ರ ಹೋಗ್ಲಿ ಬಿಡ್ರಿ. ಹುಟ್ಟಿದಾಗಿಂದ ಹತ್ತಿ ಹತ್ತಿ ನನಗ ಸಾಕಾಗ್ಯದ," ಎಂದಳು.

ನಾನು ಅರ್ಜಿ ಬರೆದೆ. ಹಳೆಯ ಪದರುಗಳನ್ನು ಕಿತ್ತು, ಮೊದಲಿನ ಮಟ್ಟಕ್ಕೆ ಇಳಿಸಿ, ಆಮೇಲೆ ರಸ್ತೆ ಹಾಕಬೇಕೆಂದು. 'ಉಲ್ಲೇಖ' ಎಂಬಲ್ಲಿ ಹಾಕಲು ಏನೂ ಇರಲಿಲ್ಲ. ಉಲ್ಲೇಖವಿಲ್ಲದ ಅರ್ಜಿ ನನ್ನ ಕೈಯಿಂದ ಹೊರಡುವುದು ಹೇಗೆ? 'ನನ್ನ ಮೌಖಿಕ ವಿನಂತಿ' ಎಂದು ಬರೆದೆ. ಆ ವಿನಂತಿಯನ್ನು ಇನ್ನೂ ಯಾರಿಗೂ ಮಾಡಿರಲಿಲ್ಲ. ಚಾಚಾ ಸಹಿ ಹಾಕುತ್ತ, "ನನ್ನ ಅಂಗಡಿ ಮಟ್ಟಕ್ಕ ತಗ್ಗಸಾಕ ಹೇಳ್ರಿ. ನಾಕು ಮಂದಿ ತಲಿ ಉಳೀತಾವ, ಸವಾಬ್, ಪುಣ್ಯ ಬರ್ತದ ನಿಮಗ," ಎಂದ.

ಗುತ್ತಿಗೆದಾರನ ಕಡೆಯ ಎಂಜಿನಿಯರ್ ಚಿಕ್ಕ ವಯಸ್ಸಿನವನು, ಸಂಭಾವಿತ. ಅರ್ಜಿಯನ್ನು ಪೂರ್ತಿ ಓದಿದ.

"ಸರ, ನಮ್ಮ ಎಸ್ಟಿಮೇಟಿನಾಗ ಹಾಕೂದು ಅದ, ಕೀಳೂದು ಇಲ್ಲ."

"ಆದ್ರ ಮೊದಲಿನ ಮಟ್ಟ ಅಂತ ಒಂದು ಇರ್ತದಲ್ರಿ?"

"ಅದು ಎಲ್ಲಿತ್ತು ಅಂತ ಯಾರರ ಹಳಬರು ಹೇಳಿದ್ರ, ಮ್ಯಾಲಿನವ್ರಿಗೆ ಕೇಳಿ ನೋಡ್ತೀನ್ರಿ."

ಅದು ನನ್ನಿಂದ ಪಾರಾಗಲು ಆಡಿದ ಮಾತು. ಇಷ್ಟು ವರ್ಷ ನಾನೂ ಜನರಿಂದ ಪಾರಾಗಲು ಇಂಥದೇ ಮಾತು ಆಡುತ್ತ ಬಂದವನು. ಆದರೂ ನಂಬಿದೆ.

ಹಳಬರನ್ನು ಹುಡುಕಿದರೆ ಓಣಿಯಲ್ಲಿ ಯಾರೂ ಇಲ್ಲ. ಕೆಲವರು ತೀರಿಕೊಂಡಿದ್ದರು, ಕೆಲವರು ಮಕ್ಕಳ ಹಿಂದೆ ಕಲಬುರಗಿಗೋ ಯಾದಗಿರಿಗೋ ಹೋಗಿದ್ದರು. ಚಾಚಾ ಬಂದದ್ದೇ ಕಡಿ, ಗರಸು ಬಿದ್ದ ಮೇಲೆ. ಆಗ ಹೊಳೆಯಿತು, ಈ ಮನೆಯ ಪಾವಟಿಗೆಗಳನ್ನು ಕಂಡವಳೊಬ್ಬಳು ವನದುರ್ಗದಲ್ಲಿದ್ದಾಳೆ. ನನ್ನ ಸೀತಾಫಲದ ಕಥೆ ಕೊನೆಗೂ ಕೆಲಸಕ್ಕೆ ಬಂತೆಂದು ಹಿಗ್ಗಿ ತಮ್ಮನಿಗೆ ಫೋನು ಮಾಡಿದೆ.

ಅವ್ವ ಮರುದಿನ ಬೆಳಗಿನ ಬಸ್ಸಿಗೆ ಬಂದಳು. ಎಂದಿನಂತೆ ಹಿತ್ತಲಿನಿಂದ. ಅಡುಗೆಮನೆಯಲ್ಲಿ ಕೂತು ಚಹಾ ಕುಡಿದಳು. ಎಂಜಿನಿಯರ್ ಬಂದನೆಂದು ಚಾಚಾ ಕೂಗಿದಾಗ, "ಬಾ ಯವ್ವಾ," ಎಂದು ನಾನು ಪಡಸಾಲೆ ದಾಟಿ ಮುಂಬಾಗಿಲಿನಿಂದ ಹೊರಗೆ ಬಂದೆ. ತಿರುಗಿ ನೋಡಿದರೆ ಹಿಂದೆ ಅವ್ವ ಇಲ್ಲ. ನಾವೆಲ್ಲ ಕಾದು ನಿಂತೆವು. ಆಮೇಲೆ ಸಂದಿಯನ್ನೆಲ್ಲ ಸುತ್ತಿ, ಓಣಿಯ ಆ ತುದಿಯಿಂದ, ಮೊಣಕಾಲಿಗೆ ಕೈ ಕೊಟ್ಟುಕೊಂಡು ನಡೆದು ಬಂದಳು.

"ಅಷ್ಟು ಸುತ್ತು ಹೊಡದು ಯಾಕ ಬಂದಿ?"

"ಕಾಲಿಗಿ ಆ ಹಾದೀನ ರೂಢಿ."

ಬಾಗಿಲಿಗೆ ತುಸು ದೂರ ನಿಂತು ನೆಲ ನೋಡಿದಳು. ಒಂದು ಹೆಜ್ಜೆ ಎಡಕ್ಕೆ ಸರಿದಳು. ತೃಪ್ತಿಯಾದಂತೆ ಸೆರಗು ತಲೆಯ ಮೇಲೆಳೆದುಕೊಂಡಳು.

"ಅಮ್ಮಾ, ಈ ಮನಿಗಿ ಮೊದಲ ಎಷ್ಟು ಪಾವಟಿಗಿ ಇದ್ವು?" ಎಂಜಿನಿಯರ್ ಕೇಳಿದ.

"ನಾಕು."

"ಬರೋಬರಿ ನೆಪ್ಪದ ಏನ್ರಿ?"

"ಎಣಸೂದು ಬಿಟ್ಟು ಇಲ್ಲಿ ನಮಗ ಏನ್ ಕೆಲಸ ಇತ್ತಪ್ಪ? ಆ ಮನಿ ಮುದುಕಿ ಊಟ ಮಾಡಿ, ಎಲಿ ಹಾಕ್ಕೊಂಡು ಹೊರಗ ಬರೂತನಾ ಬಿಸಲಾಗ ಇಲ್ಲೇ ನಿಂದ್ರಬೇಕು. ಆಕಿ ಬಂದಳು ಅಂದ್ರ, ಬಗ್ಗಿ, ಬುಟ್ಟಿ ಎರಡನೇ ಪಾವಟಿಗಿ ಮ್ಯಾಲ ಇಟ್ಟು ಹಿಂದಕ ಸರೀಬೇಕು. ಆಕಿ ಮೂರನೇದಕ್ಕ ಇಳದು ಹಣ್ಣು ಹಿಚಕಿ ಹಿಚಕಿ ನೋಡಾಕಿ. ನಾವು ಒಂದನೇದಕ್ಕೂ ಕಾಲು ಇಡಂಗಿಲ್ಲ." ಇಷ್ಟು ಹೇಳಿ ಅವ್ವ ನಕ್ಕಳು. "ನಮ್ಮವ್ವ ಅಂತಿದ್ಲು, ನಮ್ಮ ಬುಟ್ಟಿ ನಮಗಿಂತ ಮ್ಯಾಲಿನ ಜಾತೀದು ನೋಡು ಅಂತ."

ಚಾಚಾ ಕೊರಳಿನ ಅಳತೆಪಟ್ಟಿಯನ್ನು ತೆಗೆದು ಸುತ್ತತೊಡಗಿದ. ಎಂಜಿನಿಯರ್ ಫೋನಿನ ಕಡೆ ನೋಡಿದ. ಓಣಿಯಲ್ಲಿ ನಿಂತವರಲ್ಲಿ ಆ ಮಾತು ಕೇಳಿಸದವನು ನಾನೊಬ್ಬನೇ. ನನ್ನ ಕಿವಿಗೆ ಬಿದ್ದದ್ದು ಅಂಕಿ ಮಾತ್ರ.

"ಕೇಳಿದ್ರಲ್ಲ ಸರ, ನಾಕು! ಮೂರು ಒಳಗ ಹೋಗ್ಯಾವ. ಈಗರ ಅಗಸ್ರಿ!"

"ಯಾಕ ಅಗಸ್ತಿ?" ಅವ್ವ ನನ್ನನ್ನು ಕೇಳಿದಳು.

"ಪಾವಟಿಗಿ ಹೊರಗ ಬರ್ಲಿ ಅಂತ ಯವ್ವಾ."

"ಎಲ್ಲಾ ಬರ್ತಾವೇನು?"

"ನಾಕೂ ಬರ್ತಾವ."

ಅವ್ವ ಎಂಜಿನಿಯರನ ಕಡೆ ತಿರುಗಿದಳು. "ಯಪ್ಪಾ, ರಸ್ತಾ ಹಾಕಾವ ನೀನೇನು?"

"ಹೌದ್ರಿ ಅಮ್ಮಾ."

"ಛಲೋ ಮಾಡಾಕತ್ತೀರಿ. ಮೂರು ಮುಚ್ಚೀರಿ, ಒಂದು ಉಳದದ. ಅದನ್ನೂ ಮುಚ್ಚಿಬಿಡು."

ಚಾಚಾ ಹೊಟ್ಟೆ ಹಿಡಿದುಕೊಂಡು ನಕ್ಕ. "ಸಾಹೇಬ್ರ, ನಿಮ್ಮ ಸಾಕ್ಷಿ ಆ ಕಡಿ ಹೋದ್ರು!"

"ಯವ್ವಾ, ನಿನಗ ತಿಳಿಯಂಗಿಲ್ಲ. ಮಳಿ ನೀರು ಮನ್ಯಾಗ ಹೊಕ್ಕತದ."

"ಹೊಗ್ಲಿ. ನೀರಿಗರ ಯಾರು ಹೇಳ್ಯಾರ, ಇಷ್ಟನೇ ಪಾವಟಿಗಿತನಾ ಬಾ ಅಂತ?"

ಆಗ ನನಗೆ ಹಿತ್ತಲ ಬಾಗಿಲು ನೆನಪಾಯಿತು. ಸಂದಿ ಸುತ್ತಿ ಬಂದದ್ದು ನೆನಪಾಯಿತು. ನಾಚಿಕೆಯಾದಾಗ ನನ್ನ ದನಿ ಏರುತ್ತದೆ, ಅದೊಂದು ರೋಗ. "ಈಗ ಮನಿ ನಂದಲ್ಲೇನು? ಯಾರು ತಡೀತಾರ ನಿನಗ?" ಎಂದೆ.

"ಯಾರೂ ತಡ್ಯಂಗಿಲ್ಲ ತಮ್ಮಾ. ನನಗ ಗೊತ್ತದ," ಎಂದು ಅವ್ವ ಸಮಾಧಾನವಾಗಿಯೇ ಹೇಳಿದಳು. "ಕಾಲಿಗಿ ಗೊತ್ತಿಲ್ಲ. ಆ ಕರಿಕಲ್ಲು ಕಂಡಕೂಡ್ಲೇ ನಿಂದ್ರತದ."

ಮತ್ತೆ ಬಂದ ದಾರಿಯಲ್ಲೇ ಸುತ್ತಿ ಹಿತ್ತಲಿಗೆ ಹೋದಳು. ನಾನು ಅರ್ಜಿ ಹಿಡಿದುಕೊಂಡು ಕಟ್ಟೆಯ ಮೇಲೆ ಕೂತೆ. ಕೆಳಗೆ ಹೋಗುವವರಿಗೆ ಅಂದು ಚಹಾಕ್ಕೆ ಕರೆಯಲಿಲ್ಲ.

ಅವ್ವ ಊರಿಗೆ ಹೋದ ಮೇಲೆ ಹೆಂಡತಿಯನ್ನು ಕೇಳಿದೆ. "ನಿನಗ ಇದು ಗೊತ್ತಿತ್ತೇನು?"

"ಅತ್ತಿ ಬರೋ ದಿನ ಹಿತ್ತಲ ಚಿಲಕ ತಾನ ತಕ್ಕೊಂಡಿರ್ತದ ಅಂತ ತಿಳಕೊಂಡೀರಿ?"

"ಮತ್ತ ನನಗ ಹೇಳಬಾರದಿತ್ತಾ?"

"ಯಾವಾಗ ಹೇಳ್ಲಿ? ನೀವು ಆಫೀಸಿನಾಗ ಸೀತಾಫಲ ಹಂಚೂದ್ರಾಗ ಇದ್ರಿ."

ಗ್ಯಾಸ್ ಬಂದ್ ಆಗಿದೆಯೇ ಎಂದು ನೋಡಲು ಎದ್ದು ಹೋದೆ.

ಅರ್ಜಿಯನ್ನು ಹಿಂಪಡೆಯುತ್ತೇನೆಂದು ಎಂಜಿನಿಯರನಿಗೆ ಹೇಳಿದೆ. "ಯಾವ ಅರ್ಜಿ ಸರ?" ಎಂದ. ಕೊಟ್ಟಾಗ ಎಷ್ಟು ಪರಿಣಾಮವಾಗಿತ್ತೋ ಹಿಂಪಡೆದಾಗಲೂ ಅಷ್ಟೇ ಆಯಿತು. ಒಂದು ಬೆಳಿಗ್ಗೆ ಮಿಕ್ಸರ್ ಗಡಗಡ ಎನ್ನುತ್ತ ಬಂತು. ನಾನು ರಜೆ ಹಾಕಿ ಕಟ್ಟೆಯ ಮೇಲೆ ನಿಂತು ನೋಡಿದೆ. ಕಾಂಕ್ರೀಟು ಗೋಡೆಯ ಪಕ್ಕ ಹರಿದು ಕರಿಕಲ್ಲಿನ ಅಂಚಿಗೆ ಬಂತು, ಕೆಲಸಗಾರನೊಬ್ಬ ಹಲಗೆಯಿಂದ ಎರಡು ಸಲ ಎಳೆದ, ಕಲ್ಲು ಕಾಣದಾಯಿತು. ನನಗೆ ಏನೇನೋ ಅನಿಸಬೇಕಿತ್ತು. ಅನಿಸಿದ್ದು, ಈ ಹಸಿ ಸಿಮೆಂಟಿನ ಮೇಲೆ ನಾಯಿ ಓಡಾಡೀತೆಂಬ ಚಿಂತೆ. ಓಡಾಡಿತು. ಹೆಜ್ಜೆಗಳು ಈಗಲೂ ಇವೆ.

ಚಾಚಾ ಮಾತ್ರ ಜಾಣ. ಅಂಗಡಿಯೊಳಗೆ ಗರಸು ತುಂಬಿಸಿ ನೆಲವನ್ನೇ ಎತ್ತರಿಸಿಕೊಂಡ, ಚೌಕಟ್ಟನ್ನೂ ಮೇಲಕ್ಕೆ ಸರಿಸಿದ. ಈಗ ಗಿರಾಕಿಯ ಹಣೆ ಬಾಗಿಲಿಗೆ ಬಡಿಯುವುದಿಲ್ಲ. ಆದರೆ ತೋಳಿನ ಅಳತೆಗೆ ಕೈ ಎತ್ತಿದರೆ ಫ್ಯಾನಿಗೆ ತಾಗುತ್ತದೆಂದು ಅದನ್ನು ಬಿಚ್ಚಿಟ್ಟಿದ್ದಾನೆ.

ರಸ್ತೆ ಗಟ್ಟಿಯಾದ ಮೇಲೆ ಅವ್ವ ಬಂದಳು. ನಾನು ಮುಂಬಾಗಿಲನ್ನು ತೆರೆದಿಟ್ಟು, ನೋಡುತ್ತಿಲ್ಲವೆಂಬಂತೆ ಪಡಸಾಲೆಯಲ್ಲಿ ಪೇಪರು ಹಿಡಿದು ಕೂತಿದ್ದೆ. ಪೇಪರು ತಲೆಕೆಳಗಾಗಿತ್ತೆಂದು ಹೆಂಡತಿ ಆಮೇಲೆ ಹೇಳಿದಳು, ಅದನ್ನು ನಾನು ಒಪ್ಪುವುದಿಲ್ಲ. ಅವ್ವ ಓಣಿಯ ತುದಿಯಲ್ಲಿ ಸಂದಿಯ ಕಡೆ ತಿರುಗಿದವಳು ನಿಂತಳು. ಈ ಕಡೆ ನೋಡಿದಳು. ನಡೆದು ಬಂದು ತನ್ನ ಜಾಗದಲ್ಲಿ ಇನ್ನೊಮ್ಮೆ ನಿಂತು, ಚಪ್ಪಲಿಯಿಂದ ಸಿಮೆಂಟನ್ನು ಒಂದೆರಡು ಸಲ ತಿಕ್ಕಿ ನೋಡಿದಳು. ಆಮೇಲೆ ಚಪ್ಪಲಿ ಬಿಟ್ಟು, ಹೊಸ್ತಿಲು ದಾಟಿ ಒಳಗೆ ಬಂದಳು.

ನಾನು ಏನಾದರೂ ದೊಡ್ಡ ಮಾತು ಬರಲೆಂದು ಕಾದೆ. ಅವ್ವ ಸುತ್ತಲೂ ನೋಡಿ, "ಹಿಂದಿಂದ ಬಂದ್ರ ಈ ಮನಿ ದೊಡ್ಡದು ಕಾಣ್ತಿತ್ತು. ಮುಂದಿಂದ ಸಣ್ಣದ ಅದ," ಎಂದು ಅಡುಗೆಮನೆಗೆ ಹೋದಳು.

ಮಳೆಗಾಲದ ಮೊದಲ ಜೋರು ಮಳೆಗೆ ನಾನು ಹೇಳಿದ್ದೇ ಆಯಿತು. ಆತಂಕದ ಮನುಷ್ಯನಿಗೆ ತನ್ನ ಮಾತು ನಿಜವಾದಾಗ ಸಿಗುವ ಸುಖ ಬೇರೆ. "ನಾ ಹೇಳಿದ್ದಿಲ್ಲಾ!" ಎಂದು ಪಡಸಾಲೆಯ ನೀರಲ್ಲಿ ನಿಂತು ಕೂಗಿದೆ. ಅವ್ವ ಆಗ ಇಲ್ಲೇ ಇದ್ದಳು. ಸೀರೆ ಎತ್ತಿ ಕಟ್ಟಿ, ಕಸಬರಿಗೆಯಿಂದ ನೀರು ತಳ್ಳುತ್ತ, "ಹೇಳೂದು ಬಿಡು, ಜೋಳದ ಚೀಲ ಎತ್ತು," ಎಂದಳು. ಚೀಲ ನೆನೆದಿರಲಿಲ್ಲ. ಹೆಂಡತಿ ಮಧ್ಯಾಹ್ನವೇ ಎತ್ತಿಟ್ಟಿದ್ದಳು.

ಮಾರನೆಯ ದಿನ ಗೌಂಡಿಯನ್ನು ಕರೆಸಿ ಹೊಸ್ತಿಲ ಮುಂದೆ ಗೇಣೆತ್ತರ ಸಿಮೆಂಟಿನ ಕಟ್ಟು ಹಾಕಿಸಿದೆ. ಅವ್ವ ಬಂದು ಸೊಂಟದ ಮೇಲೆ ಕೈಯಿಟ್ಟು ನೋಡಿದಳು.

"ಮತ್ತೊಂದು ಪಾವಟಿಗಿ ಹಡದೇನು?"

ಗೌಂಡಿ ಆಗಲೇ ಕರಣೆ ತೊಳೆಯುತ್ತಿದ್ದ. ಓಡಿ ಹೋಗಿ ಹಿಡಿದು ತಂದೆ. ಹಸಿಯಿದ್ದಾಗಲೇ ಎರಡೂ ಕಡೆ ಇಳಿಜಾರು ಮಾಡಿಸಿದೆ, ಎತ್ತರವನ್ನೂ ಅರ್ಧಕ್ಕೆ ಇಳಿಸಿದೆ. ಹತ್ತುವಂಥದ್ದಲ್ಲ, ದಾಟುವಂಥದ್ದು. ನೀರಿಗೆ ಅಷ್ಟಿಷ್ಟು ಅಡ್ಡ, ಮೊಣಕಾಲಿಗೆ ಇಲ್ಲ.

ಸಂಜೆ ಚಾಚಾ ಅಂಗಡಿಯಿಂದಲೇ ಕೂಗಿದ. ಈಗ ಅವನ ಅಂಗಡಿಯೂ ನನ್ನ ಪಡಸಾಲೆಯೂ ಒಂದೇ ಮಟ್ಟದಲ್ಲಿರುವುದರಿಂದ ಮಾತು ನೇರ ಬರುತ್ತದೆ. "ಸಾಹೇಬ್ರ, ಮನಿ ಬಾಗಲಿಗಿ ಸ್ಪೀಡ್ ಬ್ರೇಕರ್ ಯಾರ ಹಾಕ್ತಾರ್ರಿ? ಅಷ್ಟು ಜೋರು ಒಳಗ ಬರಾವ್ರು ಯಾರದಾರ?"

"ನಮ್ಮವ್ವ," ಎಂದೆ.

ಹೇಳಿ ಒಳಗೆ ಬಂದವನು, ಆ ಉಬ್ಬಿಗೆ ಅವ್ವ ಎಡವಿಬಿಟ್ಟಾಳೆಂದು ಹೆದರಿ, ಟಾರ್ಚು ಹುಡುಕತೊಡಗಿದೆ.